ಮತ್ತು ಪಿಯಾನೋ

"ಅವರ ಬಗ್ಗೆ ನಾಕು ಛಲೋ ಮಾತು ಬರೀ ತಂಗಿ. ಕನ್ನಡದಾಗ ಬರೀ, ಊರಾಗಿನವರೂ ಓದಲಿ" ಎಂದು ಅಮ್ಮ, ಆತ ತೀರಿಕೊಂಡಂದಿನಿಂದ ಹೇಳುತ್ತಿದ್ದಾಳೆ. ಛಲೋ ಮಾತುಗಳನ್ನು ಬೇರೆಯವರು ಬರೆದಾಗಿದೆ. ಷಿಕಾಗೋದ ಪತ್ರಿಕೆಗಳು ಅರ್ಧರ್ಧ ಪುಟ ಕೊಟ್ಟವು. ಎಲ್ಲದರಲ್ಲೂ ಅದೇ ಚಿತ್ರ: ಸ್ಯಾಕ್ಸೋಫೋನನ್ನು ಎದೆಗೆ ಒರಗಿಸಿಕೊಂಡು, ಕಣ್ಣು ಮುಚ್ಚಿ, ಗದ್ದ ಮೇಲೆತ್ತಿದ ಮುದುಕ. ಕೆಳಗೆ, ಜಾಝ್ ಸಂಗೀತಗಾರ, ನಾಗರಿಕ ಹಕ್ಕುಗಳ ಹೋರಾಟಗಾರ, ಮಕ್ಕಳ ಗುರು. ಮೂರೂ ನಿಜ. ಅವರು ಬಿಟ್ಟದ್ದನ್ನು ನಾನು ಬರೆಯುತ್ತೇನೆ. ಆತನ ಹೆಸರನ್ನು ಮಾತ್ರ ಬರೆಯುವುದಿಲ್ಲ. ಮರೆತಿದ್ದೇನೆಂದಲ್ಲ. ಗೌರವದಿಂದಲೂ ಅಲ್ಲ.

ತೊಂಬತ್ತರ ದಶಕ ಮುಗಿಯುತ್ತಿತ್ತು. ಯೂನಿವರ್ಸಿಟಿ ಓದು ಮುಗಿಸಿ ನಾನು ಷಿಕಾಗೋದ ಕಪ್ಪು ಜನರೇ ಹೆಚ್ಚಿರುವ ಸೌತ್ ಸೈಡಿನ ಒಂದು ಸಣ್ಣ ಸಂಗೀತ ಶಾಲೆಯ ಆಫೀಸಿಗೆ ಸೇರಿದ್ದೆ. ನನಗೆ ಸಂಗೀತ ಬರುವುದಿಲ್ಲ. ತರಗತಿಗಳ ವೇಳೆ ಹೊಂದಿಸುವುದು, ಫೋನ್ ಎತ್ತುವುದು ನನ್ನ ಕೆಲಸ. ನಗರದ ಹೊರವಲಯದ ಶಾಮ್‌ಬರ್ಗ್‌ನಿಂದ ದಿನಾ ಡ್ರೈವ್ ಮಾಡುತ್ತಿದ್ದೆ. "ಸೌತ್ ಸೈಡಾ? ಒಬ್ಬಳೇ ಹೋಗ್ತಾಳಾ?" ಎಂದು ನಮ್ಮ ಬಡಾವಣೆಯ ಆಂಟಿಯರು ಅಮ್ಮನನ್ನು ಕೇಳುತ್ತಿದ್ದರು. ಅಮ್ಮ ಬಾಗಲಕೋಟೆಯಲ್ಲಿ ಕನ್ನಡ ಶಾಲೆಯ ಟೀಚರಾಗಿದ್ದವಳು. "ಸಾಲಿ ಅಂದ ಮ್ಯಾಲ ಸಾಲಿ, ಎಲ್ಲಿದ್ದರೇನು" ಎನ್ನುತ್ತಿದ್ದಳು.

ಒಂದು ದಿನ ಆತ ನನ್ನ ಮೇಜಿನ ಮುಂದೆ ಬಂದು ನಿಂತ. ಎಪ್ಪತ್ತರ ಹತ್ತಿರದ ವಯಸ್ಸು, ನೆಟ್ಟಗಿನ ಬೆನ್ನು, ಬೂದು ಹ್ಯಾಟು. ಕಣ್ಣಿನ ನರ ಸೋತು ಡಾಕ್ಟರು ಕಾರು ಓಡಿಸಬೇಡ ಎಂದಿದ್ದರು.

"ಎಲ್ಲಿಂದ ಬರ್ತೀಯ?"

"ಶಾಮ್‌ಬರ್ಗ್."

"ಅದಕ್ಕೂ ಮುಂಚೆ?"

"ಬಾಗಲಕೋಟೆ."

"ಅದು ನನ್ನ ನಾಲಿಗೆಗೆ ಉದ್ದವಾಯ್ತು. ಶಾಮ್‌ಬರ್ಗ್ ಸಾಕು" ಎಂದ. ಅಂದಿನಿಂದ ನಾನು ಶಾಮ್‌ಬರ್ಗ್. "ಏ ಶಾಮ್‌ಬರ್ಗ್, ನಿಮ್ಮೂರಲ್ಲಿ ಮನುಷ್ಯರಿಗಿಂತ ಪಾರ್ಕಿಂಗ್ ಲಾಟ್ ಜಾಸ್ತಿಯಂತೆ?" "ಶಾಮ್‌ಬರ್ಗ್, ನಿಮ್ಮ ಮಾಲಿನಲ್ಲಿ ನನಗೊಂದು ಹೊಸ ಕಣ್ಣು ಸಿಗುತ್ತಾ ನೋಡು." ಎಲ್ಲರೂ ನಗುತ್ತಿದ್ದರು. ನಾನೂ ಮೊದಮೊದಲು ನಕ್ಕೆ.

ತಿಂಗಳಿಗೊಮ್ಮೆ ಆತ ಡೆಟ್ರಾಯಿಟ್‌ಗೆ ಹೋಗಬೇಕಿತ್ತು. ಹುಟ್ಟಿ ಬೆಳೆದ ಊರು. ಅಲ್ಲಿಯ ಹಳೆಯ ಚರ್ಚೊಂದರ ಬೇಸ್‌ಮೆಂಟಿನಲ್ಲಿ ಮಕ್ಕಳಿಗೆ ಪಾಠ ಹೇಳುತ್ತಿದ್ದ. ಕರೆದುಕೊಂಡು ಹೋಗಿ ಬರುವ ಕೆಲಸ ನನ್ನ ಪಾಲಿಗೆ ಬಂತು. ಮಿಷಿಗನ್ ಸರೋವರದ ಬುಡ ಸುತ್ತಿ, ಇಂಡಿಯಾನಾ ದಾಟಿ, ಪೂರ್ವಕ್ಕೆ ನೇರವಾದ ದಾರಿ. ಕಾರಿನಲ್ಲಿ ನಾವು ಮೂವರು. ಮುಂದಿನ ಸೀಟಿನಲ್ಲಿ ಆತ. ಹಿಂದೆ, ಆತನ ತಂಡದಲ್ಲಿ ಪಿಯಾನೋ ನುಡಿಸುವ ಹೆಂಗಸು. ಅವರ ಹೆಸರು ಒಡೆಸ್ಸಾ ಟಿಲ್ಫರ್ಡ್. ಎಲ್ಲರೂ ಮಿಸ್ ಒಡೆಸ್ಸಾ ಎನ್ನುತ್ತಿದ್ದರು. ಆತ ಒಬ್ಬನನ್ನು ಬಿಟ್ಟು.

ಅವರ ಪಕ್ಕದಲ್ಲಿ ಸ್ಯಾಕ್ಸೋಫೋನಿನ ಪೆಟ್ಟಿಗೆ, ಸೀಟ್ ಬೆಲ್ಟ್ ಬಿಗಿದುಕೊಂಡು. ಆತನ ಬಾಯಲ್ಲಿ ಸ್ಯಾಕ್ಸೋಫೋನ್ ಎಂದರೆ ಹಾರ್ನ್. ಹೊರಡುವ ಮುಂಚೆ ತಪ್ಪದೆ ಕೇಳುತ್ತಿದ್ದ: "ಹಾರ್ನಿಗೆ ಬೆಲ್ಟ್ ಹಾಕಿದ್ಯಾ?" ಮಿಸ್ ಒಡೆಸ್ಸಾ ಎತ್ತರದ ಆಳು. ಆತ ತನ್ನ ಸೀಟನ್ನು ಪೂರ್ತಿ ಹಿಂದಕ್ಕೆ ತಳ್ಳಿಕೊಳ್ಳುತ್ತಿದ್ದುದರಿಂದ ಅವರು ಮೊಣಕಾಲುಗಳನ್ನು ಓರೆ ಮಾಡಿ ಪೆಟ್ಟಿಗೆಯ ಕಡೆಗೆ ವಾಲಿ ಕೂರುತ್ತಿದ್ದರು. ಸೀಟು ಮುಂದೆ ಎಳೆದುಕೊಳ್ಳಿ ಎಂದು ನಾನೊಮ್ಮೆ ಹೇಳಿದೆ. "ಹಿಂದಿನಿಂದ ದೂರು ಬಂದಿಲ್ಲವಲ್ಲ" ಎಂದ. ಕನ್ನಡಿಯಲ್ಲಿ ಮಿಸ್ ಒಡೆಸ್ಸಾ ಹುಬ್ಬೆತ್ತಿ ನನ್ನತ್ತ ನೋಡಿದರು. ಬಿಡು ಎನ್ನುವ ಹಾಗೆ.

ಜಾಝ್ ಕಛೇರಿಗಳಲ್ಲಿ ಒಂದು ರೂಢಿಯಿದೆ. ಕೊನೆಯ ಹಾಡಿಗೆ ಮುಂಚೆ ಡ್ರಮ್ಸ್‌ನವನು ಕೋಲು ಬಿಟ್ಟು ಮೆಲ್ಲಗೆ ತಂತಿಯ ಬ್ರಶ್ ಆಡಿಸುತ್ತಿರುವಾಗ, ತಂಡದ ಯಜಮಾನ ಮೈಕಿನ ಮುಂದೆ ಬಂದು ನುಡಿಸಿದವರ ಹೆಸರನ್ನು ಒಂದೊಂದಾಗಿ ಕರೆಯುತ್ತಾನೆ. ಜನ ಚಪ್ಪಾಳೆ ತಟ್ಟುತ್ತಾರೆ. ಬೇರೆಯವರು ಇದನ್ನು ಬೇಗ ಮುಗಿಸುತ್ತಾರೆ. ಆತನಿಗೆ ಇದೇ ಕಛೇರಿಯ ಜೀವ. ಆತ ಹೆಸರು ಕರೆಯುವುದನ್ನು ಕೇಳಲೆಂದೇ ಜನ ಬರುತ್ತಿದ್ದರು. ಬಾಸ್ ಎಂಬ ಆಳೆತ್ತರದ ತಂತಿವಾದ್ಯ ನುಡಿಸುವ ಮುದುಕನ ಪೂರ್ತಿ ಹೆಸರು, ಅವನ ಅಪ್ಪನ ಹೆಸರು, ಹುಟ್ಟಿದ ಬೀದಿ, ಯಾವ ಧರಣಿಯಲ್ಲಿ ತನ್ನ ಪಕ್ಕ ನಿಂತಿದ್ದ ಎಂಬುದು. ಆಮೇಲೆ ಡ್ರಮ್ಸ್‌ನವನದು. ಆಮೇಲೆ ಕೈಯನ್ನು ಎಡಕ್ಕೆ ಚಾಚಿ, "ಮತ್ತು, ಪಿಯಾನೋ."

ಅಷ್ಟೇ. ಕೊನೆಯ ಹಾಡು ಶುರುವಾಗುತ್ತಿತ್ತು.

ಮೊದಲ ಸಲ ಮರೆತ ಎಂದುಕೊಂಡೆ. ಎರಡನೆಯ ಸಲವೂ ಹಾಗೇ ಆಯಿತು. ಬಾಸ್ ನುಡಿಸುವ ಮುದುಕ ತನ್ನ ಚರ್ಚಿನಲ್ಲಿ ಡೀಕನ್, ಅಂದರೆ ಪಾದ್ರಿಯ ಸಹಾಯಕ, ಆಗಿದ್ದ. ಜನ ಕರೆಯುತ್ತಿದ್ದುದೂ ಡೀಕನ್ ಎಂದೇ. ಅವನನ್ನು ಕೇಳಿದೆ.

"ನೀನಿನ್ನೂ ಹೊಸಬಳು" ಎಂದು ನಕ್ಕ. "ಇನ್ನೊಂದು ವರ್ಷ ಆಗಲಿ, ನಿನಗೂ ಕೇಳಿಸಲ್ಲ."

ಪ್ರಾಕ್ಟೀಸಿನಲ್ಲೂ ಅದೇ. ಆತ ಕಾಗದದಲ್ಲಿ ಸ್ವರ ಬರೆಯುತ್ತಿರಲಿಲ್ಲ. ಗುನುಗುತ್ತಿದ್ದ. ಗುನುಗು ಅರ್ಧಕ್ಕೆ ಬರುವಷ್ಟರಲ್ಲಿ ಮಿಸ್ ಒಡೆಸ್ಸಾ ಉಳಿದರ್ಧವನ್ನು ನುಡಿಸಿರುತ್ತಿದ್ದರು. ಆಗ ಆತ ಡೀಕನ್ ಕಡೆ ತಿರುಗಿ, "ಪಿಯಾನೋಗೆ ಹೇಳು, ಎರಡನೇ ಭಾಗ ನಿಧಾನ ಆಗಲಿ" ಎನ್ನುತ್ತಿದ್ದ. ಪಿಯಾನೋ ಆತನ ಮೊಣಕೈಗೆ ತಾಗುವಷ್ಟು ಹತ್ತಿರವಿತ್ತು. ಡೀಕನ್ ಕೆಮ್ಮುತ್ತಿದ್ದ. ಮಿಸ್ ಒಡೆಸ್ಸಾ ನಿಧಾನ ಮಾಡುತ್ತಿದ್ದರು.

ಇಷ್ಟೇ ಆಗಿದ್ದರೆ ಕಲಾವಿದರ ಕೊಬ್ಬು ಎಂದು ಬಿಡಬಹುದಿತ್ತು. ಆದರೆ ಆತ ಜಗತ್ತಿಗೆಲ್ಲ ಹೇಳಿಕೊಂಡು ತಿರುಗಿದ ಪಾಠ ಹೆಸರಿನದೇ. ಅರವತ್ತರ ದಶಕದಲ್ಲಿ ಧರಣಿಯಲ್ಲಿ ಹಿಡಿದು ಒಳಗೆ ಹಾಕಿದಾಗ ಪೊಲೀಸರು ಇವರ ಹೆಸರು ಕೇಳಲಿಲ್ಲವಂತೆ. ನಡುವಯಸ್ಸಿನವರನ್ನೂ "ಏ ಹುಡುಗ" ಎಂದೇ ಕರೆದರಂತೆ. ಆಗ ಈತ ಕಂಬಿ ಹಿಡಿದು, ಪಕ್ಕದ ಕೋಣೆಗಳಲ್ಲಿದ್ದ ಒಬ್ಬೊಬ್ಬರ ಪೂರ್ತಿ ಹೆಸರನ್ನು ಕೂಗಲು ಶುರುಮಾಡಿದ. ಹೆಸರು ಕೇಳಿದವನು ತನ್ನ ಪಕ್ಕದವನದನ್ನು ಕೂಗಿದ. ಬೆಳಗಿನವರೆಗೆ ಅದೇ ನಡೆಯಿತು. "ಹೆಸರಿಲ್ಲದವನನ್ನು ಹೊಡೆಯೋದು ಸುಲಭ. ಹೆಸರು ಕೇಳಿದ ಮೇಲೆ ಕೈ ಸ್ವಲ್ಪ ಭಾರ ಆಗುತ್ತೆ" ಎಂದು ಆತ ಎಲ್ಲ ಕಡೆಯೂ ಹೇಳುತ್ತಿದ್ದ. ಚರ್ಚಿನ ಮಕ್ಕಳು ವಾದ್ಯ ಎತ್ತುವ ಮುಂಚೆ ಪಕ್ಕದ ಮಗುವಿನ ಹೆಸರನ್ನು ಗಟ್ಟಿಯಾಗಿ ಹೇಳಬೇಕಿತ್ತು. ತಪ್ಪು ಹೇಳಿದವರಿಗೆ ಆ ದಿನ ನುಡಿಸುವಂತಿಲ್ಲ.

ಈ ಕಥೆಯನ್ನು ಮೊದಲ ಸಲ ಕೇಳಿದಾಗ ತಿರುಗಬೇಕಾದ ದಾರಿಯನ್ನೇ ತಪ್ಪಿಸಿಕೊಂಡಿದ್ದೆ. ಐದನೆಯ ಸಲಕ್ಕೆ ಕನ್ನಡಿಯಲ್ಲಿ ಹಿಂದಿನ ಸೀಟನ್ನು ನೋಡಿದೆ. ಮಿಸ್ ಒಡೆಸ್ಸಾ ಕಿಟಕಿಯಾಚೆ ಮಿಷಿಗನ್ನಿನ ಜೋಳದ ಹೊಲ ನೋಡುತ್ತಿದ್ದರು.

ಕಾರಣವನ್ನು ಅವರೇ ಹೇಳಿದರು, ಹೈವೇ ಬದಿಯ ರೆಸ್ಟ್ ಏರಿಯಾದಲ್ಲಿ. ಆತ ಒಳಗೆ ಹೋಗಿದ್ದ. ನಾವಿಬ್ಬರೂ ಕಾಫಿ ಹಿಡಿದು ಕಾರಿಗೆ ಒರಗಿ ನಿಂತಿದ್ದೆವು. ನಾನು ಕೇಳಿರಲಿಲ್ಲ.

"ಅವನು ಯಾಕೆ ನನ್ನ ಹೆಸರು ಹೇಳಲ್ಲ ಅಂತ ನಿನ್ನ ಮುಖ ಒಂದು ವರ್ಷದಿಂದ ಕೇಳ್ತಿದೆ" ಎಂದರು.

ಅವರಿಗೆ ಹತ್ತೊಂಬತ್ತು ವರ್ಷವಾಗಿದ್ದಾಗ ಡೆಟ್ರಾಯಿಟ್ ಹೊರವಲಯದಲ್ಲಿ ಒಂದು ದೊಡ್ಡ ಹೋಟೆಲಿತ್ತು. ಕಪ್ಪು ಜನ ಅಲ್ಲಿ ನುಡಿಸಬಹುದಿತ್ತು, ಕೂತು ಊಟ ಮಾಡುವಂತಿರಲಿಲ್ಲ. ಸಂಗೀತಗಾರರೆಲ್ಲ ಸೇರಿ, ಯಾರೂ ಅಲ್ಲಿ ನುಡಿಸಬಾರದೆಂದು ತೀರ್ಮಾನಿಸಿ ಬಾಗಿಲಲ್ಲಿ ಧರಣಿ ಕೂತರು. ಮುಂದಾಳು ಈತ. ಅದೇ ವಾರ ಹೋಟೆಲಿನವರು ಒಡೆಸ್ಸಾರನ್ನು ಕರೆಸಿದರು. ಅವರು ಹಿಂಬಾಗಿಲಿನಿಂದ ಒಳಗೆ ಹೋಗಿ ನುಡಿಸಿದರು.

"ಯಾಕೆ ಹೋದ್ರಿ?"

"ಒಳಗೆ ಒಂಬತ್ತು ಅಡಿಯ ಪಿಯಾನೋ ಇತ್ತು" ಎಂದರು. "ಅಷ್ಟು ದೊಡ್ಡದನ್ನ ನಾನು ಮುಟ್ಟಿರಲಿಲ್ಲ. ಅವನು ಈಗ ಪಾಠ ಹೇಳೋ ಚರ್ಚನ್ನೇ ನಮ್ಮಮ್ಮ ಗುಡಿಸ್ತಿದ್ದಳು, ಅದಕ್ಕೆ ಅಲ್ಲಿನ ಪಿಯಾನೋ ನನಗೆ ಸಿಕ್ಕಿತ್ತು. ಅದರಲ್ಲಿ ಮೂರು ಮನೆ ಸತ್ತಿದ್ದವು, ಒತ್ತಿದರೆ ಸದ್ದಿಲ್ಲ. ಎಲ್ಲಾ ಮನೆ ಮಾತಾಡೋ ಪಿಯಾನೋ ಹೇಗಿರುತ್ತೆ ಅಂತ ನೋಡಬೇಕಿತ್ತು. ನೋಡಿದೆ."

ಅವರು ಒಳಗೆ ನುಡಿಸುತ್ತಿದ್ದಾಗ ಹೊರಗೆ ಪೊಲೀಸರು ಲಾಠಿ ಬೀಸಿದರು. ಧರಣಿಯಲ್ಲಿದ್ದ ಒಬ್ಬ ಟ್ರಂಪೆಟ್‌ನವನ ತುಟಿ ಸೀಳಿ, ಮುಂದಿನ ಹಲ್ಲು ಹೋದವು. ಅವನು ಮತ್ತೆಂದೂ ಟ್ರಂಪೆಟ್ ಊದಲಿಲ್ಲ.

"ಅವನು ಸಾಯೋವರೆಗೂ ಭಾನುವಾರ ನಮ್ಮ ಮನೆಗೆ ಊಟಕ್ಕೆ ಬರ್ತಿದ್ದ" ಎಂದರು ಮಿಸ್ ಒಡೆಸ್ಸಾ. "ತುಟಿ ಒಡೆಸಿಕೊಂಡವನು ನನ್ನ ಹೆಸರು ಹೇಳ್ತಿದ್ದ. ಪಕ್ಕ ನಿಂತಿದ್ದವನು ಹೇಳಲ್ಲ."

"ಆದ್ರೂ ಅವರ ಬ್ಯಾಂಡಿನಲ್ಲಿ ಯಾಕಿದ್ದೀರಿ?"

"ಅವನ ಹಾಗೆ ಕೇಳಿಸಿಕೊಳ್ಳೋರು ಇಲ್ಲ. ನಾನು ಏನು ನುಡಿಸಿದರೂ ಅವನಿಗೆ ಕೇಳಿಸುತ್ತೆ, ಎಲ್ಲಾ." ಕಾಫಿಯ ಲೋಟವನ್ನು ಕಸದ ಡಬ್ಬಿಗೆ ಹಾಕಿದರು. "ನನಗೋಸ್ಕರ ಏನೂ ಬೇಡ. ಆದರೆ ಆ ಚರ್ಚಿನ ಜನ ನಲವತ್ತು ವರ್ಷದಿಂದ ನಮ್ಮಮ್ಮನ ಪಕ್ಕದ ಜಾಗ ಬಿಟ್ಟು ಕೂರ್ತಾರೆ. ಹಿಂಬಾಗಿಲಿನವಳ ಅಮ್ಮ ಅಂತ. ಅವನು ಒಂದೇ ಸಲ, ಅಲ್ಲಿ, ಅವಳು ಕೂತಿರುವಾಗ ನನ್ನ ಹೆಸರು ಕರೆದರೆ ಅದು ಮುಗಿಯುತ್ತೆ. ಬೇರೆ ಯಾರು ಕರೆದರೂ ಮುಗಿಯಲ್ಲ."

ಆತ ಬಾಗಿಲು ತಳ್ಳಿಕೊಂಡು ಬಂದ. "ಶಾಮ್‌ಬರ್ಗ್, ಹಾರ್ನಿಗೆ ಬೆಲ್ಟ್ ಇದ್ಯಾ?"

ಆಮೇಲೆ ಆ ಸೆಪ್ಟೆಂಬರ್ ಬಂತು. ಅಪ್ಪ ಡೆಸ್ ಪ್ಲೇನ್ಸ್ ಎಂಬ ಊರಿನಲ್ಲಿ ವಿಮಾನದ ಕಾರ್ಗೋ ಆಫೀಸಿನಲ್ಲಿ ಕೆಲಸ ಮಾಡುತ್ತಿದ್ದ. ಅಲ್ಲೇ ಒಂದು ಲಾಂಡ್ರಿಗೂ ಟೈರ್ ಅಂಗಡಿಗೂ ನಡುವಿನ ದೊಡ್ಡ ಕೋಣೆಯೊಂದನ್ನು ನಮ್ಮವರು ಶುಕ್ರವಾರದ ನಮಾಜಿಗೆ ಬಾಡಿಗೆ ಹಿಡಿದಿದ್ದರು. ವಿಮಾನ ನುಗ್ಗಿ ಅವಳಿ ಗೋಪುರಗಳು ಬಿದ್ದ ವಾರ ಯಾರೋ ಅದರ ಬಾಗಿಲಿಗೆ ಬಣ್ಣ ಎರಚಿ, ಗಾಜು ಒಡೆದರು. ಶುಕ್ರವಾರ ಅಪ್ಪನನ್ನು ಒಬ್ಬನೇ ಕಳಿಸಲು ಅಮ್ಮ ಒಪ್ಪಲಿಲ್ಲ. ನಾನು ಶಾಲೆಗೆ ಫೋನ್ ಮಾಡಿ ರಜೆ ಕೇಳಿದೆ. ಕಾರಣ ಹೇಳಬೇಕಾಯಿತು.

ನಾವು ಹೋದಾಗ ಆತ ಬಾಗಿಲಲ್ಲಿ ನಿಂತಿದ್ದ. ಟ್ರೇನ್ ಹಿಡಿದು ಬಂದಿದ್ದ. ಬೂದು ಹ್ಯಾಟು, ಕೈಯಲ್ಲಿ ಥರ್ಮಾಸ್. ಒಳಗೆ ಹೋಗುವ ಒಬ್ಬೊಬ್ಬರನ್ನೂ ನಿಲ್ಲಿಸಿ ಹೆಸರು ಕೇಳಿ, ತಿರುಗಿ ಹೇಳಿ, "ಸರಿ ಬಂತಾ?" ಎಂದು ಕೇಳಿ ಒಳಗೆ ಬಿಡುತ್ತಿದ್ದ. ಅಪ್ಪ ಆಫೀಸಿನ ಅಭ್ಯಾಸದಲ್ಲಿ "ಮೈಕ್" ಎಂದ. ಆತ ದಾರಿ ಬಿಡಲಿಲ್ಲ.

"ನಿಮ್ಮಮ್ಮ ಇಟ್ಟಿದ್ದು ಹೇಳಿ, ಸಾರ್."

"ಮೆಹಬೂಬಸಾಬ ನದಾಫ."

ಆತ ಎರಡು ಸಲ ತಪ್ಪಿ ಮೂರನೆಯ ಸಲ ಸರಿಯಾಗಿ ಹೇಳಿದ. ಬಾಗಲಕೋಟೆ ಉದ್ದವಾಗಿದ್ದ ನಾಲಿಗೆಯಲ್ಲಿ ಇದು ಹಿಡಿಸಿತು. ಅಷ್ಟರಲ್ಲಿ ಒಂದು ಪಿಕಪ್ ಟ್ರಕ್ ನಿಧಾನ ಮಾಡಿತು, ಅದರೊಳಗಿನಿಂದ ಇಬ್ಬರು ಬೈಯಲು ಶುರುಮಾಡಿದರು. ಆತ ರಸ್ತೆಯ ಅಂಚಿಗೆ ಹೋಗಿ ಹ್ಯಾಟು ತೆಗೆದ. "ನಿನ್ನ ಹೆಸರೇನಪ್ಪ? ಹೆಸರು ಹೇಳಿ ಬೈ. ನಾನೂ ಹೇಳ್ತೀನಿ" ಎಂದು ತನ್ನ ಹೆಸರನ್ನು ಕೂಗಿ ಹೇಳಿದ. ಟ್ರಕ್ಕಿನವರು ಹೆಸರು ಹೇಳಲಿಲ್ಲ, ಹೋದರು.

ಚಳಿಗಾಲ ಮುಗಿಯುವವರೆಗೆ ಪ್ರತಿ ಶುಕ್ರವಾರ ಬಂದ. ಅಮ್ಮ ಮೊಹರಮ್ಮಿನಲ್ಲಿ ಮಾಡುವ ಬೆಲ್ಲದ ಚೋಂಗೆಯನ್ನು ಆತನಿಗಾಗಿ ಸುಮ್ಮಸುಮ್ಮನೆ ಮಾಡತೊಡಗಿದಳು. ಆತ ಅದನ್ನು "ಶಾಮ್‌ಬರ್ಗ್ ಡೋನಟ್" ಎಂದು ಕರೆದು ಕಿಸೆಯಲ್ಲಿಟ್ಟುಕೊಂಡು ತಿನ್ನುತ್ತಿದ್ದ. ಅಪ್ಪ ಊಟದ ಹೊತ್ತಿನಲ್ಲಿ ಅದನ್ನೇ ಹೇಳುತ್ತಿದ್ದ: "ಈ ದೇಶಕ್ಕ ಬಂದ ಮ್ಯಾಲ ನನ್ನ ಹೆಸರು ಪೂರಾ ಕರದಾಂವ ಅಂವ ಒಬ್ಬನ ನೋಡು."

"ಅವರ ಬ್ಯಾಂಡಿನಾಗ ಒಬ್ಬರ ಹೆಸರು ಕರಿಯೂದಿಲ್ಲಪ್ಪ" ಎಂದೆ ನಾನೊಮ್ಮೆ.

"ಏನರ ಕಾರಣ ಇರಬೇಕು" ಎಂದ ಅಪ್ಪ. "ದೊಡ್ಡ ಮನಶ್ಯಾ ಅಂವ."

ಅಲ್ಲಿಗೆ ಆ ಮಾತು ಮುಗಿಯಿತು. ನಮ್ಮ ಮನೆಯಲ್ಲಿ ಆತನ ವಿರುದ್ಧ ಬಾಯಿ ತೆರೆಯುವಂತಿರಲಿಲ್ಲ. ಕಾರಣ ಇತ್ತು, ನನಗೆ ಗೊತ್ತಿತ್ತು. ಟ್ರಕ್ಕಿನ ಮುಂದೆ ಹ್ಯಾಟು ತೆಗೆದು ನಿಂತವನೂ, ಕೈಗೆಟುಕುವಷ್ಟು ಹತ್ತಿರ ಕೂತವರನ್ನು "ಪಿಯಾನೋಗೆ ಹೇಳು" ಎನ್ನುವವನೂ ಒಬ್ಬನೇ ಎಂಬುದೇ ನನಗೆ ಹೆಚ್ಚು ಸಿಟ್ಟು ತರಿಸುತ್ತಿತ್ತು. ಹೆಸರಿನ ಬೆಲೆ ಗೊತ್ತಿಲ್ಲದವನು ಮರೆತರೆ ಅದು ಮರೆವು. ಆತನಿಗೆ ಬೆಲೆ ಚೆನ್ನಾಗಿ ಗೊತ್ತಿತ್ತು.

ಎರಡು ವರ್ಷದ ನಂತರ, ಜೂನ್ ತಿಂಗಳ ಒಂದು ಭಾನುವಾರ ಮಧ್ಯಾಹ್ನ, ಡೆಟ್ರಾಯಿಟ್‌ನ ಆ ಚರ್ಚಿನಲ್ಲೇ ಆತನ ತಂಡದ ಕಛೇರಿ ಗೊತ್ತಾಯಿತು. ಊರಿನವರು ಆತನಿಗೆ ಸನ್ಮಾನ ಇಟ್ಟುಕೊಂಡಿದ್ದರು. ಹಿಂದಿನ ದಿನ ಹೊರಟಾಗ, ಇಂಡಿಯಾನಾ ದಾಟಿದ ಮೇಲೆ ಹಿಂದಿನ ಸೀಟಿನಿಂದ ಮಿಸ್ ಒಡೆಸ್ಸಾ ಮಾತಾಡಿದರು. ಅವರು ಆತನನ್ನು ನೇರವಾಗಿ ಏನನ್ನಾದರೂ ಕೇಳಿದ್ದನ್ನು ನಾನು ಕಂಡದ್ದು ಅದೊಂದೇ ಸಲ.

"ನಾಳೆ ಅಮ್ಮ ಬರ್ತಾಳೆ. ಮುಂದಿನ ಸಾಲಿನಲ್ಲಿ ಕೂರ್ತಾಳೆ."

"ಒಳ್ಳೇದು."

"ಅವಳಿಗೆ ಎಂಬತ್ತೆಂಟು. ನನ್ನ ಹೆಸರು ಕರಿ."

ಆತ ಹ್ಯಾಟನ್ನು ಮಡಿಲಲ್ಲಿ ತಿರುಗಿಸುತ್ತಿದ್ದ. ಹೈವೇಯಿಂದ ಇಳಿಯುವ ಒಂದು ಎಕ್ಸಿಟ್ ಹೋಯಿತು, ಇನ್ನೊಂದು ಹೋಯಿತು.

"ಸರಿ" ಎಂದ.

ಕನ್ನಡಿಯಲ್ಲಿ ಮಿಸ್ ಒಡೆಸ್ಸಾ ಕಣ್ಣು ಮುಚ್ಚಿಕೊಂಡದ್ದು ಕಂಡಿತು. ಉಳಿದ ದಾರಿಯುದ್ದಕ್ಕೂ ಅವರ ಬೆರಳುಗಳು ಸ್ಯಾಕ್ಸೋಫೋನಿನ ಪೆಟ್ಟಿಗೆಯ ಮೇಲೆ ಏನನ್ನೋ ನುಡಿಸುತ್ತಿದ್ದವು.

ಚರ್ಚು ತುಂಬಿತ್ತು. ಬಿಸಿಲು ತೊಂಬತ್ತು ಡಿಗ್ರಿ ಫ್ಯಾರನ್‌ಹೀಟ್ ದಾಟಿತ್ತು, ಹೆಂಗಸರು ಕಾಗದದ ಬೀಸಣಿಗೆ ಆಡಿಸುತ್ತಿದ್ದರು. ಮಿಸ್ ಒಡೆಸ್ಸಾರ ತಾಯಿ ಮುಂದಿನ ಸಾಲಿನಲ್ಲಿ, ಬಿಳಿ ಹ್ಯಾಟು, ಬಿಳಿ ಕೈಚೀಲ. ಅವರ ಎಡಕ್ಕೆ ಒಬ್ಬರು ಕೂರುವಷ್ಟು ಜಾಗ ಖಾಲಿಯಿತ್ತು. ಜನ ಗೋಡೆಗೆ ಒರಗಿ ನಿಂತಿದ್ದರೂ ಅದು ಖಾಲಿಯಿತ್ತು. ನಾನು ಹೋಗಿ ಅಲ್ಲಿ ಕೂತೆ.

"ನೀನು ಯಾರಮ್ಮ?"

"ನಿಮ್ಮ ಮಗಳನ್ನ ಕಾರಿನಲ್ಲಿ ಕರೆತರೋಳು."

"ಕಿವಿ ಕೇಳಲ್ಲ, ಗಟ್ಟಿಯಾಗಿ ಹೇಳು" ಎಂದರು. ಹೇಳಿದೆ. ನನ್ನ ಕೈಯನ್ನು ತಮ್ಮ ಮಡಿಲಿಗೆ ಎಳೆದುಕೊಂಡು ಹಾಗೇ ಹಿಡಿದುಕೊಂಡರು.

ಆ ದಿನ ಅವರು ಹೇಗೆ ನುಡಿಸಿದರೆಂದು ಹೇಳುವಷ್ಟು ಸಂಗೀತ ನನಗೆ ಗೊತ್ತಿಲ್ಲ. ಬೀಸಣಿಗೆಗಳು ನಿಂತವು, ಅಷ್ಟು ಹೇಳಬಲ್ಲೆ. ಕೊನೆಗೆ ಡ್ರಮ್ಸ್‌ನ ಬ್ರಶ್ ಮೆಲ್ಲಗಾಯಿತು. ಆತ ಮೈಕಿಗೆ ಬಂದ. ಡೀಕನ್ನನ ಹೆಸರು, ಅಪ್ಪನ ಹೆಸರು, ಬೀದಿ, ಧರಣಿ. ಡ್ರಮ್ಸ್‌ನವನ ಹೆಸರು, ಅವನ ಅಜ್ಜಿ ಈ ಚರ್ಚಿನಲ್ಲಿ ಹಾಡುತ್ತಿದ್ದದ್ದು. ಚಪ್ಪಾಳೆ. ಆಮೇಲೆ ಎಡಕ್ಕೆ ತಿರುಗಿದ. ಕೈ ಚಾಚಿದ. ನನ್ನ ಪಕ್ಕದ ಮುದುಕಿ ಮುಂದಕ್ಕೆ ಬಾಗಿದರು.

ಆತ ಸುಮ್ಮನೆ ನಿಂತ. ಎಲ್ಲರಿಗೂ ಗೊತ್ತಾಗುವಷ್ಟು ಹೊತ್ತು. ಹಿಂದಿನ ಸಾಲುಗಳಲ್ಲಿ ಆತನ ವಯಸ್ಸಿನವರು ಆತನನ್ನೇ ನೋಡುತ್ತಿದ್ದರು. ಆತನೂ ಅವರನ್ನು ನೋಡಿದ.

"ಮತ್ತು, ಪಿಯಾನೋ."

"ಏನಂದ?" ಎಂದರು ಮುದುಕಿ, ಕಿವಿ ಕೇಳದವರ ಗಟ್ಟಿ ದನಿಯಲ್ಲಿ.

ಹಿಂದಿನ ಸಾಲಿನ ಹೆಂಗಸು ಬಾಗಿ ಅವರ ಕಿವಿಯಲ್ಲಿ ಹೇಳಿದಳು: "ಪಿಯಾನೋ ಅಂದರು."

"ಕೆಟ್ಟಿರೋದು ನನ್ನ ಕಿವಿ, ಕಣ್ಣಲ್ಲ" ಎಂದರು ಮುದುಕಿ. "ಪಿಯಾನೋ ನನಗೆ ಕಾಣ್ತಿದೆ."

ಕೆಲವರು ನಕ್ಕರು. ಕೊನೆಯ ಹಾಡು ಶುರುವಾಯಿತು. ಮಿಸ್ ಒಡೆಸ್ಸಾ ಒಂದು ಸ್ವರವನ್ನೂ ತಪ್ಪಿಸದೆ ಅದನ್ನು ಮುಗಿಸಿದರು.

ಅವರು ನಮ್ಮೊಂದಿಗೆ ಹಿಂದಿರುಗಲಿಲ್ಲ. ತಾಯಿಯ ಮನೆಯಲ್ಲೇ ಉಳಿದರು, ಮುಂದೆಯೂ ಅಲ್ಲೇ ಇದ್ದುಬಿಟ್ಟರು. ಮರಳುವ ದಾರಿಯಲ್ಲಿ ಇನ್ನೂ ಬೆಳಕಿತ್ತು. ಹಿಂದಿನ ಸೀಟಿನಲ್ಲಿ ಸ್ಯಾಕ್ಸೋಫೋನ್ ಒಂದೇ.

"ಹೇಳ್ತೀನಿ ಅಂದಿದ್ರಿ" ಎಂದೆ.

"ಅಂದಿದ್ದೆ."

"ಮತ್ತೆ?"

"ಶಾಮ್‌ಬರ್ಗ್, ನೀನು ಆಗ ಹುಟ್ಟಿರಲಿಲ್ಲ. ಹಿಮ ಬೀಳ್ತಿತ್ತು. ನನ್ನ ಫ್ರೆಂಡು ಬಾಯಿಗೆ ಕೈ ಅಡ್ಡ ಹಿಡಿದು ಕೂತಿದ್ದ, ಬೆರಳ ಸಂದಿಯಲ್ಲಿ ರಕ್ತ. ಒಳಗಿನಿಂದ ಪಿಯಾನೋ ಕೇಳಿಸ್ತಿತ್ತು." ಹ್ಯಾಟನ್ನು ಮಡಿಲಿಗೆ ಇಳಿಸಿದ. "ಕೆಟ್ಟದಾಗಿ ನುಡಿಸಿದ್ದಿದ್ರೆ ಯಾವತ್ತೋ ಬಿಟ್ಟುಬಿಡ್ತಿದ್ದೆ. ಅಷ್ಟು ಚೆನ್ನಾಗಿ ನಾನು ಅದುವರೆಗೆ ಕೇಳಿರಲಿಲ್ಲ. ರಕ್ತ ನೋಡ್ತಾ ನೋಡ್ತಾ ನಾನು ಅದನ್ನೇ ಕೇಳ್ತಿದ್ದೆ."

"ಅವರನ್ನ ನಿಮ್ಮ ಫ್ರೆಂಡು ಕ್ಷಮಿಸಿದ್ರು."

"ಅವನು ಒಳ್ಳೆಯವನು."

"ಇವತ್ತು ಅವರ ಅಮ್ಮ ಬಂದಿದ್ರು. ಅವರು ಏನು ಮಾಡಿದ್ರು?"

ಇಂಡಿಯಾನಾದ ಗ್ಯಾರಿ ಊರು ಹತ್ತಿರ ಬರುವಾಗ ಆತ, "ಆ ಜನ ಎಲ್ಲ ನನ್ನನ್ನೇ ನೋಡ್ತಿದ್ರು" ಎಂದ. ಅದು ನನಗೆ ಹೇಳಿದ್ದಲ್ಲ. ಆತನಿಗೆ ತುಟಿ ಒಡೆದ ಗೆಳೆಯನಿಗಿಂತ, ತಾನು ಎಂದೂ ಬಗ್ಗದವನೆಂಬ ಆ ಹಿಂದಿನ ಸಾಲುಗಳವರ ನಂಬಿಕೆ ದೊಡ್ಡದಾಗಿತ್ತು ಎಂದು ನಾನು ಅಂದು ತಿಳಿದುಕೊಂಡೆ. ಇಂದಿಗೂ ಹಾಗೇ ತಿಳಿದಿದ್ದೇನೆ.

ಮುಂದಿನ ತಿಂಗಳು ಡ್ರೈವ್ ಮಾಡಲಾರೆ ಎಂದು ಆಫೀಸಿಗೆ ಹೇಳಿದೆ. ಸಂಜೆ ಮನೆಗೆ ಫೋನ್ ಬಂತು. ಆತ ನನ್ನ ಹೆಸರನ್ನು ಹೇಳಿದ, ಮೊದಲ ಸಲ, ಅಪ್ಪನ ಹೆಸರು, ಮನೆತನದ ಹೆಸರು ಸೇರಿಸಿ, ಒಂದು ಅಕ್ಷರವೂ ತಪ್ಪದ ಹಾಗೆ. ಕೇಳಲು ಚೆನ್ನಾಗಿತ್ತು. ಅಷ್ಟು ವರ್ಷ ಅದು ಆತನ ಬಾಯಲ್ಲೇ ಇತ್ತು, ಬೇಕಾದಾಗ ತೆಗೆಯಲೆಂದು ಇಟ್ಟುಕೊಂಡಿದ್ದ. ಮತ್ತೆ ಡ್ರೈವ್‌ಗೆ ಬಾ ಎಂದ. ಇಲ್ಲ ಎಂದು ಹೇಳಿ ಫೋನ್ ಇಟ್ಟೆ. ಆ ಚಳಿಗಾಲದೊಳಗೆ ಇಟಾಸ್ಕಾದ ಒಂದು ಆಫೀಸಿನಲ್ಲಿ ಬೇರೆ ಕೆಲಸ ಹಿಡಿದೆ.

ಆತನ ತಂಡಕ್ಕೆ ಬೇರೆ ಪಿಯಾನೋದವರು ಬಂದರು, ಒಬ್ಬರೂ ನಿಲ್ಲಲಿಲ್ಲ. ಅರ್ಧ ಗುನುಗನ್ನು ಪೂರ್ತಿ ಮಾಡುವವರು ಸಿಗಲಿಲ್ಲ ಎಂದು ಡೀಕನ್ ಹೇಳುತ್ತಿದ್ದ. ಕೊನೆಯ ವರ್ಷಗಳಲ್ಲಿ ಪಿಯಾನೋ ಇಲ್ಲದೆಯೇ ನುಡಿಸಿದರು.

ಆತ ಹೋದದ್ದು, ಆ ಸನ್ಮಾನದ ಕಛೇರಿಯಾಗಿ ಆರು ವರ್ಷಕ್ಕೆ, ಈ ವಸಂತದಲ್ಲಿ. ಮಿಸ್ ಒಡೆಸ್ಸಾರ ತಾಯಿ ಅದಕ್ಕೂ ಹಿಂದಿನ ಚಳಿಗಾಲದಲ್ಲೇ ಹೋಗಿದ್ದರು. ಷಿಕಾಗೋದ ಒಂದು ಚರ್ಚಿನಲ್ಲಿ ಆತನ ನೆನಪಿನ ಸಭೆ. ನಾನು ಹೋಗುವುದಿಲ್ಲ ಎಂದಿದ್ದೆ. ಅಮ್ಮ ಚೋಂಗೆ ಮಾಡಿ ಸ್ಟೀಲ್ ಡಬ್ಬಿಗೆ ತುಂಬಿ ಕಾರಿನಲ್ಲಿ ಕೂತುಬಿಟ್ಟಿದ್ದಳು. ಸಭೆಯಲ್ಲಿ ನುಡಿಸಲು ಡೀಕನ್ ಮಿಸ್ ಒಡೆಸ್ಸಾರನ್ನು ಫೋನಿನಲ್ಲಿ ಕೇಳಿದ್ದನಂತೆ. "ಬರ್ತೀನಿ, ನುಡಿಸಲ್ಲ" ಎಂದಿದ್ದರಂತೆ. ಅವರು ನಮ್ಮ ಬೆಂಚಿನಲ್ಲೇ, ಅಮ್ಮನ ಆಚೆ ಬದಿಗೆ ಬಂದು ಕೂತರು. ಕಪ್ಪು ಉಡುಪಲ್ಲ, ಹಳದಿಯದು. ಅಮ್ಮ ಯಾರೋ ಎಂದುಕೊಂಡು ಸರಿದು ಜಾಗ ಕೊಟ್ಟಳು.

ವೇದಿಕೆಯಲ್ಲಿ ಬಾಸ್, ಡ್ರಮ್ಸ್, ಒಂದು ಕುರ್ಚಿಯ ಮೇಲೆ ಸ್ಯಾಕ್ಸೋಫೋನ್. ಎಡಕ್ಕೆ ಚರ್ಚಿನ ಪಿಯಾನೋ, ಮುಚ್ಚಿದ್ದು, ಮುಂದೆ ಖಾಲಿ ಬೆಂಚು. ಭಾಷಣಗಳಾದವು. ಹೆಸರಿಲ್ಲದವನನ್ನು ಹೊಡೆಯುವುದು ಸುಲಭ ಎಂಬುದನ್ನು ಮೂವರು ಹೇಳಿದರು. ಕೊನೆಯ ಹಾಡಿಗೆ ಮುಂಚೆ ಬ್ರಶ್ ಮೆಲ್ಲಗಾದಾಗ, ಹೆಸರು ಕರೆಯಲು ಯಜಮಾನನಿಲ್ಲದೆ ಡೀಕನ್ ತಾನೇ ಮೈಕಿಗೆ ಬಂದ. ಡ್ರಮ್ಸ್‌ನವನ ಹೆಸರು ಕರೆದ. ಸ್ಯಾಕ್ಸೋಫೋನಿದ್ದ ಕುರ್ಚಿಯ ಕಡೆ ತಿರುಗಿ ಆತನ ಹೆಸರು ಕರೆದ. ಜನವೆಲ್ಲ ಎದ್ದು ಬಹಳ ಹೊತ್ತು ಚಪ್ಪಾಳೆ ತಟ್ಟಿ ಕೂತರು. ಆಗ ಡೀಕನ್ನನ ಕೈ ತಾನಾಗಿ ಎಡಕ್ಕೆ ಹೋಯಿತು.

"ಮತ್ತು, ಪಿಯಾನೋ."

ಖಾಲಿ ಬೆಂಚು. ಡೀಕನ್ ಅದನ್ನು ನೋಡಿದ. ಕೈ ಅಲ್ಲೇ ಉಳಿಯಿತು. ಡ್ರಮ್ಸ್‌ನ ಬ್ರಶ್ ನಿಂತಿತು.

ಮಿಸ್ ಒಡೆಸ್ಸಾ ಎದ್ದು ನಿಂತರು.

"ಒಡೆಸ್ಸಾ ಟಿಲ್ಫರ್ಡ್" ಎಂದರು. ಗಟ್ಟಿಯಾಗಿ ಅಲ್ಲ. ಬ್ಯಾಂಕಿನ ಕಿಟಕಿಯಲ್ಲಿ ಕೇಳಿದರೆ ಹೇಳುವಷ್ಟು.

ಡೀಕನ್ ಮೈಕಿಗೆ ಬಾಗಿ ಬಾಯಿ ತೆರೆದ. ಅವರು ಬೇಡವೆಂದು ತಲೆಯಾಡಿಸಿ ಕೂತರು. ಸ್ವಲ್ಪ ಹೊತ್ತಿನ ಮೇಲೆ ಡ್ರಮ್ಸ್ ಮತ್ತೆ ಶುರುವಾಯಿತು. ಕೊನೆಯ ಹಾಡಿನಲ್ಲಿ ಪಿಯಾನೋ ಬರಬೇಕಾದ ಜಾಗಗಳು ಬಂದು ಹೋದವು, ನನ್ನಂಥವಳಿಗೂ ಕೇಳಿಸುವಂತೆ.

ಹೊರಗೆ ಮೆಟ್ಟಿಲ ಮೇಲೆ ಆತನ ಮನೆಯವರ ಸುತ್ತ ಜನ ಸೇರಿದ್ದರು. ಅಮ್ಮ ಡಬ್ಬಿ ಹಿಡಿದು ಆ ಕಡೆ ಎರಡು ಹೆಜ್ಜೆ ಇಟ್ಟವಳು ನಿಂತಳು.

"ನೀ ಅವತ್ತ ಅಪ್ಪಗ ಹೇಳಿದ್ದು ಇವರ ಸುದ್ದೀನ ಏನು?"

"ಹೌದವಾ."

ಅಮ್ಮ ತಿರುಗಿ ಬಂದು ಡಬ್ಬಿಯನ್ನು ಮಿಸ್ ಒಡೆಸ್ಸಾರ ಕೈಗಿತ್ತಳು. ತನ್ನ ಇಂಗ್ಲಿಷಿನಲ್ಲಿ, ಹೆಸರು ಇನ್ನೊಮ್ಮೆ ಹೇಳಿ ಎಂದಳು. ಅವರು ಹೇಳಿದರು. ಅಮ್ಮ ಒಮ್ಮೆ ತಪ್ಪಿದಳು. ಎರಡನೆಯ ಸಲ, ಬಾಗಲಕೋಟೆಯ ಶಾಲೆಯಲ್ಲಿ ಹಾಜರಿ ಕರೆಯುತ್ತಿದ್ದ ದನಿಯಲ್ಲಿ, ಮೆಟ್ಟಿಲ ಮೇಲಿದ್ದವರೆಲ್ಲ ತಿರುಗಿ ನೋಡುವಂತೆ ಸರಿಯಾಗಿ ಕರೆದಳು.

ಮಿಸ್ ಒಡೆಸ್ಸಾ ಡಬ್ಬಿಯನ್ನು ಎರಡೂ ಕೈಯಲ್ಲಿ ಹಿಡಿದು ನಿಂತಿದ್ದರು.

"ಇನ್ನೊಂದು ಸಲ ಹೇಳಿ" ಎಂದರು.

ಅಮ್ಮ ಹೇಳಿದಳು.